ಯಾರ ಕಡೆಯವರು

ಬಸವನಗುಡಿಯ ಛತ್ರವೊಂದರ ಮುಂದೆ ನೆರಳಿಗೆಂದು ನಿಂತಿದ್ದೆ, ಅಷ್ಟೆ. ಬಾಗಿಲಲ್ಲಿದ್ದವರು ಪನ್ನೀರು ಚಿಮುಕಿಸಿ, "ಬನ್ನಿ ಬನ್ನಿ, ಮೊದ್ಲು ಊಟ ಮಾಡ್ಬಿಡಿ" ಎಂದರು. ಈ ಊರಿಗೆ ಬಂದು ಮೂರು ದಿನವಾಗಿತ್ತು. ಯಾರೂ ನನ್ನನ್ನು ಬನ್ನಿ ಎಂದಿರಲಿಲ್ಲ. ಹೋಗಿ ಕೂತೆ. ಎರಡನೇ ಹೋಳಿಗೆಯನ್ನೂ ಬೇಡವೆನ್ನಲಿಲ್ಲ.

ಹಿತ್ತಲಲ್ಲಿ ಕೈ ತೊಳೆಯುವಾಗ ದಾಸವಾಳದ ಗಿಡದಲ್ಲೊಂದು ದೊಡ್ಡ ಜೇಡರಬಲೆ ಕಂಡಿತು. ಅದರ ಅಂಚಿನಲ್ಲಿ ಬೆಳ್ಳಿಯಂತೆ ಹೊಳೆಯುತ್ತಿದ್ದದ್ದು ನಲ್ಲಿಯಿಂದ ಸಿಡಿದ ಹನಿ ಎಂದುಕೊಂಡೆ. ಹನಿ ನಡೆಯಿತು. ಮೆಲ್ಲಗೆ ಹೋಗಿ, ಬಲೆಗೆ ಸಿಕ್ಕಿದ್ದ ನುಸಿಯೊಂದನ್ನು ಎತ್ತಿಕೊಂಡು ಮತ್ತೆ ಅಂಚಿಗೆ ಬಂತು. ನಡುವೆ ಕೂತಿದ್ದ ದೊಡ್ಡ ಜೇಡ ಅಲುಗಲೇ ಇಲ್ಲ.

"ಕಳ್ಳ ಜೇಡ ಅದು," ಪಕ್ಕದಲ್ಲಿ ಕೈ ತೊಳೆಯುತ್ತಿದ್ದ ಹಿರಿಯರೊಬ್ಬರು ನಕ್ಕರು. "ತಾನು ಬಲೆ ಹೆಣೆಯಲ್ಲ, ಇನ್ನೊಬ್ರ ಬಲೇಲಿ ತಿನ್ಕೊಂಡಿರುತ್ತೆ. ಅಂದ್ಹಾಗೆ, ತಾವು ಯಾರ ಕಡೆಯವ್ರು?"

"ಗಂಡಿನ ಕಡೆ" ಎಂದುಬಿಟ್ಟೆ.

ಅವರು ತಟ್ಟನೆ ಕೈ ಒರೆಸಿಕೊಂಡರು. "ಬೀಗರು ನೀವು! ತಾಂಬೂಲ ತಗೊಳ್ದೆ ಹೋಗ್ಬೇಡಿ" ಎಂದು ಚೀಲವೊಂದನ್ನು ತಂದು ಎರಡೂ ಕೈಯಿಂದ ಕೊಟ್ಟರು.

ಲಾಡ್ಜಿನ ಮಂಚದ ಮೇಲೆ ಅದರೊಳಗಿನ ತೆಂಗಿನಕಾಯಿ ತೆಗೆದಿಟ್ಟೆ. ಚೀಲದ ಮೇಲೆ ಮದುಮಕ್ಕಳ ಹೆಸರು ಅಚ್ಚಾಗಿತ್ತು; ನಾನದನ್ನು ನೋಡಿದ್ದು ಆಗಷ್ಟೇ. ಇಬ್ಬರ ಹೆಸರನ್ನೂ ಒಮ್ಮೆ ಜೋರಾಗಿ ಓದಿದೆ.