ಪರದೆಯ ಮುಖ್ಯಮಂತ್ರಿಗೆ ಬಂದ ಅರ್ಜಿ

ಮೊನ್ನೆ ಮೊಮ್ಮಗಳ ಶಾಲೆಯ ಗ್ಯಾದರಿಂಗಿನಲ್ಲಿ ನಾಟಕದ ಮಕ್ಕಳಿಗೆ ಮೀಸೆ ಅಂಟಿಸುತ್ತಿದ್ದರು. ಆ ಗೋಂದಿನ ವಾಸನೆ ಮೂಗಿಗೆ ಬಡಿದದ್ದೇ ತಡ, ರಾಯಚೂರಿನ ನಮ್ಮ ಪಕ್ಕದ ಮನೆ ಕಾಕಾ ನೆನಪಾದರು.

ಕಾಕಾ ಸಿನಿಮಾ, ಧಾರಾವಾಹಿಗಳ ನಟರು. ಶೂಟಿಂಗ್ ಇದ್ದಾಗ ಹೈದರಾಬಾದಿನ ರೈಲು ಹತ್ತುತ್ತಿದ್ದರು. ನಿಜಾಮನ ದಿವಾನ, ವಿಜಯನಗರದ ಸೇನಾಪತಿ, ಸ್ವಾತಂತ್ರ್ಯ ಹೋರಾಟಗಾರ... ಕೊನೆಗೆ ಒಂದು ಧಾರಾವಾಹಿಯಲ್ಲಿ ಮುಖ್ಯಮಂತ್ರಿಯಾಗಿ ಮೂರು ವರ್ಷ ಆಳಿದರು. ನಿಜವಾದವರಿಗೇ ಅಷ್ಟು ದಕ್ಕುವುದು ಕಷ್ಟ! ಅವರ ನಟನೆಯಲ್ಲಿ ಗತ್ತು ಸ್ವಲ್ಪ ಹೆಚ್ಚು ಎಂದೇ ನನ್ನ ಅಭಿಪ್ರಾಯ.

ಆ ದಿನಗಳಲ್ಲೇ ಒಂದು ಮದುವೆಗೆಂದು ಇಬ್ಬರೂ ದೇವದುರ್ಗಕ್ಕೆ ಹೋಗಿದ್ದೆವು. ಬಸ್ ಸ್ಟ್ಯಾಂಡಿನಲ್ಲಿ ಅರಕೇರಾ ಕಡೆಯ ಮುದುಕಿಯೊಬ್ಬಳು ಕಾಕಾನ ಮುಂದೆ ಅರ್ಜಿ ಚಾಚಿದಳು. ಅವರ ಹಳ್ಳಿಗೆ ಮುಂಜಾನೆ ಬಸ್ಸಿಲ್ಲ. ಏಳನೇ ಕ್ಲಾಸು ಮುಗಿಸಿದ ಮೊಮ್ಮಗಳನ್ನು ಹೈಸ್ಕೂಲಿಗೆ ಕಳಿಸದೆ ಹತ್ತಿ ಬಿಡಿಸಲು ಹಚ್ಚುತ್ತೇನೆ ಎಂದು ಮಗ ಹಟ ಹಿಡಿದಿದ್ದಾನೆ.

"ಯಪ್ಪಾ, ಟೀವ್ಯಾಗ ಎಲ್ಲಾರ್ದೂ ಕೇಳ್ತಿ. ನಮ್ದೂ ಜರಾ ಕೇಳು," ಎಂದಳು.

ತಾನು ಬರೀ ನಟ ಎಂದು ಹೇಳಬೇಕಿತ್ತು. ಕಾಕಾ ಅರ್ಜಿಯನ್ನು ಪೂರ್ತಿ ಓದಿ, ಅದೇ ಗತ್ತಿನಲ್ಲಿ, "ಆತು ಯವ್ವಾ, ಬಸ್ ಬರ್ತದ. ನೀ ಮೊಮ್ಮಗಳನ್ನ ಸಾಲಿಗಿ ಹಚ್ಚು," ಎಂದುಬಿಟ್ಟರು. ನನಗೆ ಸಿಟ್ಟು ಬಂತು.

ಮರುವಾರ ಅರ್ಜಿ ಹಿಡಿದು ಬಸ್ ಡಿಪೋಗೆ ಹೋದರು. ಅಲ್ಲಿಯವರು ಚಹಾ ಕುಡಿಸಿ, ಸೆಲ್ಫಿ ತೆಗೆದುಕೊಂಡು ಕಳಿಸಿದರು. ಮೂರು ಸಲ ಹೋದರು, ಮೂರು ಸಲವೂ ಅದೇ ಕಥೆ.

"ತಮ್ಮಾ, ಎಲ್ಲಾರೂ ನನ್ನ ಮಾರಿ ನೋಡಾಕತ್ತಾರ. ಒಬ್ಬನೂ ಅರ್ಜಿ ನೋಡವಲ್ಲ," ಎಂದರು ಕಾಕಾ.

ಮತ್ತೆ ಅವರು ದೇವದುರ್ಗದ ಕಡೆ ತಲೆ ಹಾಕಲಿಲ್ಲ. ಮಾನ್ವಿಯ ಸನ್ಮಾನವೊಂದರಲ್ಲಿ ಮುಖ್ಯಮಂತ್ರಿಯ ಡೈಲಾಗ್ ಹೇಳಿ ಎಂದು ಜನ ಕೂಗಿದಾಗ ಕೈಮುಗಿದು ವೇದಿಕೆ ಇಳಿದರು. "ಆ ಮುದುಕಿಗಿ ಸುಳ್ಳು ಹೇಳಿದೆ," ಎನ್ನುವುದು ಕಡೆಯವರೆಗೂ ಬಿಡಲಿಲ್ಲ.

ಹೋದ ವರ್ಷ ಕಾಕಾ ತೀರಿಕೊಂಡರು. ಅವರ ಮನೆ ಖಾಲಿ ಮಾಡುವಾಗ ಆ ಅರ್ಜಿ ನನ್ನ ಕೈಗೆ ಸಿಕ್ಕಿತು. ಹೋದ ತಿಂಗಳು ಅರಕೇರಾ ಕಡೆ ಕೆಲಸವಿತ್ತು, ಅದರಲ್ಲಿದ್ದ ಹೆಸರು ಕೇಳಿಕೊಂಡು ಹೋದೆ. ಆ ಊರಿಗೆ ಈಗಲೂ ಮುಂಜಾನೆ ಬಸ್ಸಿಲ್ಲ. ಮೊಮ್ಮಗಳು ಮಾತ್ರ ದಿನಾ ಐದು ಕಿಲೋಮೀಟರ್ ನಡೆದು ಹತ್ತನೇ ಕ್ಲಾಸು ಪಾಸಾಗಿದ್ದಾಳೆ.

"ಸಾಲಿಗಿ ಹಚ್ಚು ಅಂತ ಸಾಹೇಬ್ರ ಹೇಳ್ಯಾರ ಅಂದೆ. ನನ್ನ ಮಗ ಬಾಯಿ ಮುಚ್ಚಿದ," ಎಂದಳು ಮುದುಕಿ. "ಆರಾಮ ಅದಾರೇನ್ರಿ ಸಾಹೇಬ್ರು?"

ಆರಾಮ ಇದ್ದಾರೆ ಎಂದು ನಾನೂ ಸುಳ್ಳು ಹೇಳಿ ಬಂದೆ.