ಗೋಲ್‌ಕೀಪರ್‌ಗೆ ಇಟ್ಟ ಹೆಸರು

ಕಪಾಟು ಒರೆಸುವಾಗ, ಕೈಯಲ್ಲಿ ಹಿಡಿದು ಆಡುವ ನನ್ನ ಹಳೆಯ ವಿಡಿಯೋ ಗೇಮ್ ಸಿಕ್ಕಿತು. ಮಡಚುವ ಸಂದಿಯಲ್ಲಿ ಇನ್ನೂ ಕುಂಕುಮ ಉಳಿದಿದೆ… ಎದುರುಮನೆ ಕಾಕೂ ಹಚ್ಚಿದ್ದು.

ಆಗ ನಾನು ಶಿವಾಜಿನಗರದ ಕಾಲೇಜಿಗೆ ಹೋಗುತ್ತಿದ್ದೆ. ಕಾಕೂನ ಗಂಡ ಕಾಕಾಗೆ ಹೃದಯದ ಆಪರೇಶನ್. ಅವರ ಮಗಳು ಬೆಳಗಾವಿಯಿಂದ ಬರುವವರೆಗೆ ಕಾಕೂ ಜೊತೆ ಆಸ್ಪತ್ರೆಯ ಬೆಂಚಿನ ಮೇಲೆ ಕುಳಿತವಳು ನಾನೇ. ಕೈಗೊಂದು ಕೆಲಸ ಬೇಕೆಂದು ಗೇಮ್ ತೆಗೆದೆ. ಊರೂರು ತಿರುಗಿ ಆಟಗಾರರನ್ನು ಕೂಡಿಸಿ, ಅವರಿಗೆ ಹೊಸ ಶಕ್ತಿ ಗಳಿಸಿಕೊಟ್ಟು, ಫುಟ್‌ಬಾಲ್ ಪಂದ್ಯ ಗೆಲ್ಲಿಸುವ ಕಥೆಯ ಆಟ. ಹೊಸ ಗೋಲ್‌ಕೀಪರ್‌ಗೆ ಏನು ಹೆಸರಿಡಲಿ ಎಂದು ಕಾಕೂನನ್ನು ಕೇಳಿದೆ.

"ಒಳಗ ಇದ್ದಾರಲ್ಲ, ಅವರದ ಇಡು," ಎಂದರು. ಗಂಡನ ಹೆಸರು ಬಾಯಲ್ಲಿ ಆಡುವವರಲ್ಲ ಅವರು. ನರ್ಸ್ ಕೇಳಿದಾಗಲೂ ನಾನೇ ಹೇಳಬೇಕಾಗಿತ್ತು. ಹಿಂದುಮುಂದು ನೋಡದೆ ಇಟ್ಟುಬಿಟ್ಟೆ.

ಪೇಚಾಟ ಶುರುವಾದದ್ದೇ ಅಲ್ಲಿಂದ. ಎದುರಾಳಿ ಚೆಂಡು ಒದ್ದ ಕೂಡಲೇ ಕಾಕೂ ನನ್ನ ಮಣಿಕಟ್ಟು ಹಿಡಿದರು. "ಮುಚ್ಚು ಅದನ್ನ! ಅವರು ಹೊರಗ ಬರೂತನಾ ಗೋಲ್ ಆಗಬಾರದು."

ಮುಚ್ಚಿದರೆ ಆಟ ಇದ್ದಲ್ಲೇ ನಿಲ್ಲುತ್ತದೆ, ಚಾರ್ಜ್ ಮಾತ್ರ ತೀರಬಾರದು ಎಂದೆ. ಅವರು ಪ್ರಸಾದದ ಪುಡಿಕೆ ಬಿಚ್ಚಿ ಮುಚ್ಚಿದ ಗೇಮ್‌ಗೆ ಕುಂಕುಮ ಹಚ್ಚಿದರು.

ಕಾಕಾ ಉಳಿದರು. ಗೇಮ್ ಮಾತ್ರ ವಾಪಸ್ ಬರಲಿಲ್ಲ. "ಇನ್ನೊಂದಿಷ್ಟ ದಿನ ಇರಲಿ," ಎನ್ನುತ್ತ ಕಾಕೂ ಅದನ್ನು ದೇವರ ಪಕ್ಕದಲ್ಲೇ ಚಾರ್ಜಿಗೆ ಹಾಕಿಟ್ಟರು. ನಮ್ಮಲ್ಲಿ ಗುರುವಾರ ದುರಸ್ತಿಗೆಂದು ಕರೆಂಟ್ ತೆಗೆಯುತ್ತಿದ್ದರು. ಚಾರ್ಜ್ ತೀರಿ ಆಟ ಅಳಿಸಿಹೋದೀತೆಂದು ಅವತ್ತೆಲ್ಲ ಅವರಿಗೆ ಭಯ. ಕರೆಂಟ್ ಬಂದ ಕೂಡಲೇ ಬಾಗಿಲಲ್ಲಿ ನಿಂತು, "ತಂಗಿ, ಚಾರ್ಜಿನ ದೀಪ ಹತ್ತೇದೇನ ನೋಡ ಬಾ," ಎಂದು ಕರೆಯುವರು. ಮೊದಮೊದಲು ನಗು ಬರುತ್ತಿತ್ತು. ಬರಬರುತ್ತ ಆ ಭಯ ನನಗೂ ಅಂಟಿಕೊಂಡಿತು. ಕ್ಲಾಸಿನಲ್ಲಿ ಕುಳಿತಾಗಲೂ ಆ ದೀಪದ್ದೇ ಯೋಚನೆ.

ಕೆಲವು ವರ್ಷಗಳಾದ ಮೇಲೆ ಮೊದಲು ಹೋದವರು ಕಾಕೂ… ದಿನಕರ್ಮ ಮುಗಿದ ಮೇಲೆ ಕಾಕಾ ಗೇಮ್ ಹಿಡಿದು ಬಂದರು. "ಇದರ ಚಾರ್ಜ್ ತಪ್ಪಸಬ್ಯಾಡ್ರಿ ಅಂತ ಹೇಳಿ ಹೋಗ್ಯಾಳ. ಏನಿದು ತಂಗಿ?"

ತೆರೆದೆ. ಚೆಂಡು ಇನ್ನೂ ಗಾಳಿಯಲ್ಲೇ ಇತ್ತು. ಗೋಲ್‌ಕೀಪರ್‌ನ ತಲೆಯ ಮೇಲಿನ ಹೆಸರು ತೋರಿಸಿ ಎಲ್ಲ ಹೇಳಿದೆ. ಕಾಕಾ ಕನ್ನಡಕ ಏರಿಸಿ ಹೆಸರು ಓದಿದರು. "ಬಾಯಿ ತುಂಬ ಒಮ್ಮೇನೂ ಕರೀಲಿಲ್ಲ ಆಕಿ," ಎಂದು ಅದನ್ನು ಮುಚ್ಚಿ ಮನೆಗೆ ಒಯ್ದರು. ಇರುವಷ್ಟು ದಿನ ಚಾರ್ಜ್ ತಪ್ಪಿಸಲಿಲ್ಲ.

ಕಾಕಾ ಹೋದ ಮೇಲೆ ಮಗಳು ಅದನ್ನು ನನಗೆ ತಂದುಕೊಟ್ಟಳು. ಅಷ್ಟರಲ್ಲಿ ಬ್ಯಾಟರಿ ಸತ್ತಿತ್ತು. ಈಗ ಏನು ಮಾಡಿದರೂ ದೀಪ ಹತ್ತುವುದಿಲ್ಲ. ಗುರುವಾರ ಕರೆಂಟ್ ಹೋಗಿ ಬಂದಾಗಲೆಲ್ಲ ನಾನು ಎದುರುಮನೆಯ ಬಾಗಿಲು ನೋಡುತ್ತೇನೆ… ಯಾರೂ ಕರೆಯುವುದಿಲ್ಲ.