ಮುಕ್ಕಾಲು ರೂಪಾಯಿ ಬಡ್ಡಿ

ನನ್ನ ತಂಗಿಗೆ ಮದುವೆಯಾಗಲಿಲ್ಲ. ಅದಕ್ಕೆ ಅವಳ ಜಾತಕ ಕಾರಣವಲ್ಲ, ರೂಪವೂ ಕಾರಣವಲ್ಲ. ಕಾರಣ ನಾನು ಕೊಳ್ಳೇಗಾಲದಲ್ಲಿ ಕಟ್ಟಿಸಿದ ಮನೆ. ಇಷ್ಟನ್ನು ನೇರವಾಗಿ ಬರೆಯುವುದಕ್ಕೆ ನನಗೆ ಬಹಳ ದಿನ ಬೇಕಾಯಿತು. ಮನೆಗೆ ಬಂದ ನೆಂಟರು ಗೋಡೆ ತಟ್ಟಿ ನೋಡಿ, "ಪರ್ವಾಗಿಲ್ಲ ಕಣಯ್ಯ, ಕಂಡಕ್ಟ್ರಾಗಿದ್ಕಂಡು ಇಂಥ ಮನೆ ಕಟ್ಬುಟ್ಟೆ" ಎಂದಾಗಲೆಲ್ಲ ಹಲ್ಲು ಕಿರಿದಿದ್ದೇನೆ. ಒಟ್ಟು ಎಷ್ಟು ಬಿತ್ತು ಎಂದು ಕೇಳುತ್ತಾರೆ. ಸೈಟಿನದು, ಸಿಮೆಂಟಿನದು, ಮರದ್ದು ಎಲ್ಲ ಸೇರಿಸಿ ಒಂದು ಮೊತ್ತ ಹೇಳಿ ಕಾಫಿ ಕೊಡುತ್ತೇನೆ.

ನಾನು ಸರ್ಕಾರಿ ಬಸ್ಸಿನ ಕಂಡಕ್ಟರ್. ಕೊಳ್ಳೇಗಾಲ, ಹನೂರು, ರಾಮಾಪುರ, ಹೆಚ್ಚು ಕಾಲ ಅದೇ ರೂಟು. ತಂಗಿ ರಾಮಾಪುರದ ಹತ್ತಿರ ಸರ್ಕಾರಿ ಶಾಲೆಯಲ್ಲಿ ಟೀಚರ್. ಬೆಳಿಗ್ಗೆ ನನ್ನ ಬಸ್ಸಿನಲ್ಲೇ ಹೋಗುತ್ತಿದ್ದಳು. ಅಪ್ಪ ರೇಷ್ಮೆ ಸೀರೆ ನೇಯುತ್ತಿದ್ದ. ನಾವಿಬ್ಬರೂ ಮಗ್ಗಕ್ಕೆ ಕೂರಲಿಲ್ಲ, ಅಪ್ಪನೂ ಕೂರಿಸಲಿಲ್ಲ. ಅವಳು ಟೀಚರ್ ಟ್ರೈನಿಂಗ್ ಮಾಡುತ್ತಿದ್ದಾಗಲೇ ಅಪ್ಪನೂ ಅವ್ವನೂ ಒಬ್ಬರ ಹಿಂದೆ ಒಬ್ಬರು ಹೋದರು. ಅವಳಿಗೆ ಗಂಡು ನೋಡುವ ಕೆಲಸ ನನ್ನ ತಲೆಗೆ ಬಂತು.

ಆಗ ನಾವಿದ್ದದ್ದು ಬಾಡಿಗೆ ಮನೆ. ಎರಡು ಕೋಣೆ, ಎದುರು ಚರಂಡಿ. ಹೆಣ್ಣು ನೋಡಲು ಬಂದವರು ಉಪ್ಪಿಟ್ಟು ತಿಂದು, ಹುಡುಗಿಯನ್ನು ಮಾತಾಡಿಸಿ, ಹೋಗುವಾಗ ತಲೆಯೆತ್ತಿ ಹೆಂಚು ನೋಡುತ್ತಿದ್ದರು. ಒಬ್ಬ ಹಿರಿಯರಂತೂ ಬಾಯಿಬಿಟ್ಟೇ ಅಂದರು, "ಉಡ್ಗಿ ಚೆಂದಾಗವ್ಳೆ ಸಾ. ಆದ್ರೆ ನಾಳೀಕೆ ಬಾಣಂತನಕ್ಕೆ ಬರಕ್ಕೆ ತವ್ರು ಅಂತ ಒಂದು ಸ್ವಂತ ಮನೆ ಬ್ಯಾಡ್ವಾ?" ನನಗೆ ಮೈಯೆಲ್ಲ ಉರಿದುಹೋಯಿತು. ಅವರು ಬೀದಿ ತಿರುಗುವ ಮೊದಲೇ ಹೆಂಡತಿಗೆ ಹೇಳಿದೆ, ಇವಳ ಮದುವೆ ನಮ್ಮ ಸ್ವಂತ ಮನೆಯ ಚಪ್ಪರದಲ್ಲೇ ಆಗಬೇಕು ಅಂತ. ಮನೆ ಕಟ್ಟಿಸಲು ಹೊರಟದ್ದೇ ಅವಳಿಗಾಗಿ. ಇದನ್ನು ಯಾರೂ ನಂಬುವುದಿಲ್ಲ, ನಂಬಬೇಕಾಗಿಯೂ ಇಲ್ಲ.

ಬ್ಯಾಂಕಿನಲ್ಲಿ ಇಪ್ಪತ್ತು ಲಕ್ಷ ಕೇಳಿದೆ. ನನ್ನೊಬ್ಬನ ಸಂಬಳಕ್ಕೆ ಅಷ್ಟು ಸಿಗುವುದಿಲ್ಲ, ಮನೆಯಲ್ಲಿ ಸಂಬಳದವರು ಇನ್ನೊಬ್ಬರಿದ್ದರೆ ಅವರೂ ಜಂಟಿ ಸಾಲಗಾರರಾಗಿ ಸಹಿ ಹಾಕಲಿ ಎಂದರು ಮ್ಯಾನೇಜರು. ತಂಗಿಯನ್ನು ಕರೆದುಕೊಂಡು ಹೋದೆ. ಅವಳು ಪೆನ್ನು ಹಿಡಿದವಳು ಒಂದೇ ಒಂದು ಪ್ರಶ್ನೆ ಕೇಳಿದಳು. "ನನ್ನ ಹೆಸ್ರು ಎಷ್ಟು ವರ್ಷ ಇರುತ್ತೆ ಸಾರ್?" ಮ್ಯಾನೇಜರು ಒಳ್ಳೆಯ ಮನುಷ್ಯ. ಪೂರ್ತಿ ಇಪ್ಪತ್ತು ವರ್ಷ ಇರಬೇಕಾಗಿಲ್ಲಮ್ಮ, ಅರ್ಧ ಸಾಲ ತೀರಿದ ಮೇಲೆ ಅರ್ಜಿ ಕೊಡಿ, ಅಷ್ಟು ಹೊತ್ತಿಗೆ ನಿಮ್ಮಣ್ಣನ ಸಂಬಳವೂ ಏರಿರುತ್ತೆ, ನಿಮ್ಮ ಹೆಸರು ತೆಗೆಯಬಹುದು ಎಂದರು. ಅವಳು ಸಹಿ ಹಾಕಿದಳು. ಆಗ ಅವಳಿಗೆ ಇಪ್ಪತ್ತೆಂಟು.

ಬಡ್ಡಿ ಒಂಬತ್ತು ಎಂದರು. ನಮ್ಮ ಕಡೆ ಬಡ್ಡಿಯನ್ನು ವರ್ಷದ ಲೆಕ್ಕದಲ್ಲಿ ಯಾರೂ ಮಾತಾಡುವುದಿಲ್ಲ. ನೂರು ರೂಪಾಯಿಗೆ ತಿಂಗಳಿಗೆ ಎಷ್ಟು ಎನ್ನುವುದೇ ಮಾತು. ಎರಡು ರೂಪಾಯಿ ಬಡ್ಡಿಗೆ ಕೊಟ್ಟವನನ್ನು ಬೀದಿಯಲ್ಲಿ ಪುಣ್ಯಾತ್ಮ ಅಂತಾರೆ. ಅಪ್ಪ ಐದು ರೂಪಾಯಿ ಬಡ್ಡಿಗೂ ತಂದಿದ್ದ. ಒಂಬತ್ತನ್ನು ಹನ್ನೆರಡು ತಿಂಗಳಿಗೆ ಹಂಚಿದೆ, ಮುಕ್ಕಾಲು ರೂಪಾಯಿ ಬಂತು. ಬರೀ ಮುಕ್ಕಾಲು ರೂಪಾಯಿ! ಅಂದು ಡಿಪೋದಲ್ಲಿ ಎಲ್ಲರಿಗೂ ಸಿಹಿ ಹಂಚಿದೆ. "ಮುಕ್ಕಾಲ್ ರೂಪಾಯ್ ಬಡ್ಡಿ ಕಣ್ಲಾ, ಪುಕ್ಸಟ್ಟೆ ದುಡ್ಡು" ಎಂದು ಡ್ರೈವರಿಗೆ ಹೇಳಿದ್ದು ಚೆನ್ನಾಗಿ ನೆನಪಿದೆ. ಇಪ್ಪತ್ತು ಲಕ್ಷಕ್ಕೆ ಮುಕ್ಕಾಲು ರೂಪಾಯಿಯಂತೆ ತಿಂಗಳಿಗೆ ಎಷ್ಟಾಗುತ್ತದೆ ಎಂದು ಮಾತ್ರ ಗುಣಿಸಲಿಲ್ಲ. ದಿನಕ್ಕೆ ನೂರಾರು ಜನಕ್ಕೆ ಚಿಲ್ಲರೆ ಎಣಿಸಿ ಕೊಡುವವನು ನಾನು, ಆ ಒಂದು ಲೆಕ್ಕ ಮಾಡಲಿಲ್ಲ. ತಿಂಗಳ ಕಂತು ಹದಿನೆಂಟು ಸಾವಿರ. ಎಂಟು ನಾನು, ಹತ್ತು ಅವಳು ಎಂದು ಮಾಡಿಕೊಂಡೆವು.

ಗೃಹಪ್ರವೇಶವಾಯಿತು. ಗಂಡುಗಳೂ ಬಂದವು. ಈಗ ಯಾರೂ ಹೆಂಚು ನೋಡಲಿಲ್ಲ. ಎಲ್ಲ ಒಪ್ಪಿ, ಎಲೆ ಅಡಿಕೆ ಹಾಕಿಕೊಳ್ಳುವಾಗ ಸಂಬಳದ ಮಾತು ಬರುತ್ತಿತ್ತು. ಹತ್ತು ಸಾವಿರ ಬ್ಯಾಂಕಿಗೆ ಹೋಗುತ್ತದೆ ಎಂದರೆ ಅವರ ಮುಖ ಸಣ್ಣದಾಗುತ್ತಿತ್ತು. "ಅರ್ಧ ತೀರಿದ ಮೇಲೆ ಹೆಸರು ತೆಗೀತಾರೆ" ಎಂದು ನಾನು ಹೇಳುತ್ತಿದ್ದೆ. ಆಯ್ತು ತಿಳಿಸ್ತೀವಿ ಎಂದು ಎದ್ದುಹೋಗುತ್ತಿದ್ದರು. ಎರಡು ಸಂಬಂಧ ಹೀಗೆ ಹೋದ ಮೇಲೆ ಅವಳಿಗೂ ಅದೇ ಹೇಳಿದೆ. "ಅರ್ಧ ತೀರ್ಲಿ ಕಣವ್ವ. ಆಮೇಲೆ ತಲೆಯೆತ್ಕಂಡು ಮದ್ವೆ ಮಾಡಣ." ಅವಳು ಹೂಂ ಅಂದಳು.

ಆರನೇ ವರ್ಷ ಅವಳಿಗೆ ಸಂಬಳದ ಅರಿಯರ್ಸು ಒಟ್ಟಿಗೆ ಬಂತು, ಹೆಚ್ಚು ಕಡಿಮೆ ಎರಡು ಲಕ್ಷ. "ಅಣ್ಣ, ಇದ್ನ ಬ್ಯಾಂಕಿಗೆ ಕಟ್ಬುಡಣ, ಅಸಲು ಇಳಿಯುತ್ತೆ" ಎಂದಳು. ನಾನು ನಕ್ಕುಬಿಟ್ಟೆ. ಮುಕ್ಕಾಲು ರೂಪಾಯಿ ಬಡ್ಡಿ ಸಾಲವನ್ನು ಯಾರಾದರೂ ಮುಂಚೆ ತೀರಿಸುತ್ತಾರಾ, ದಡ್ಡಿ ಎಂದು ರೇಗಿಸಿದೆ. ಆ ದುಡ್ಡಿನಲ್ಲಿ ಕಾಂಪೌಂಡ್ ಎತ್ತಿಸಿ ಗೇಟು ಹಾಕಿಸಿದೆವು. ಏಳನೇ ಕ್ಲಾಸಿನ ಮಕ್ಕಳಿಗೆ ಬಡ್ಡಿ ಲೆಕ್ಕ ಕಲಿಸುವವಳು ಅವಳು. ನಾನು ಅವಳನ್ನು ಕೇಳಬೇಕಿತ್ತು. ಹೇಳುವುದೊಂದೇ ಗೊತ್ತಿದ್ದ ಅಣ್ಣ ನಾನು, ಕೇಳುವ ಅಭ್ಯಾಸ ಇರಲಿಲ್ಲ.

ಯಳಂದೂರಿನ ಸಂಬಂಧ ಬಂದಾಗ ಅವಳಿಗೆ ಮೂವತ್ತೆಂಟು ತುಂಬುತ್ತಿತ್ತು. ಗಂಡು ಅಲ್ಲಿಯ ಪಶು ಆಸ್ಪತ್ರೆಯಲ್ಲಿ ಕೆಲಸದಲ್ಲಿದ್ದ. ತಂಗಿಯರ ಮದುವೆ ಮಾಡಿ ಮುಗಿಸುವಷ್ಟರಲ್ಲಿ ಅವನಿಗೂ ನಲವತ್ತು ದಾಟಿತ್ತು. ಮೊದಲ ಸಲ ಬಂದಾಗಲೇ ಇಬ್ಬರೂ ಹಿತ್ತಿಲಲ್ಲಿ ನಿಂತು ಒಂದು ಗಂಟೆ ಮಾತಾಡಿದರು. ಎಮ್ಮೆಗೆ ಸೂಜಿ ಚುಚ್ಚುವಾಗ ಒದೆಸಿಕೊಂಡ ಕಥೆ ಹೇಳುತ್ತಿದ್ದ. ನನ್ನ ತಂಗಿ ಬಾಯಿಗೆ ಸೆರಗು ಅಡ್ಡ ಹಿಡಿದು ನಗುತ್ತಿದ್ದಳು. ಅವಳು ಹಾಗೆ ನಗುವುದನ್ನು ನಾನು ಎಷ್ಟೋ ವರ್ಷದಿಂದ ಕಂಡಿರಲಿಲ್ಲ. ಅಡುಗೆಮನೆಯಲ್ಲಿ ನನ್ನ ಹೆಂಡತಿಗೆ ಕಣ್ಣೀರೇ ಬಂತು.

ಮೂರನೇ ಸಲ ಅವನ ಅಕ್ಕ ಜೊತೆಗೆ ಬಂದರು. ಮಾತು ಒರಟಲ್ಲ, ಲೆಕ್ಕ ಮಾತ್ರ ಖಚಿತ. "ಅವ್ರ ಸಂಬ್ಳ ನಮ್ಗೆ ಬ್ಯಾಡ ಕಣ್ರಿ. ನನ್ತಮ್ಮನೂ ಬಾಡ್ಗೆ ಮನೇಲವ್ನೆ. ನಾಳೆ ಇಬ್ರೂ ಸೇರಿ ಒಂದು ಮನೆ ಮಾಡ್ಬೇಕು ಅಂದ್ರೆ, ಇವ್ರ ಎಸ್ರಲ್ಲಿ ಇನ್ನೊಂದು ಸಾಲ ಅದೆ ಅಂತ ಬ್ಯಾಂಕ್‌ನೋರು ಕೊಡಕಿಲ್ಲ. ಎಸ್ರು ತೆಗ್ಸಿ ಕೊಡಿ, ಸಾಕು." ಆಮೇಲೆ ಲೋಟ ಕೆಳಗಿಡುತ್ತ ಕೇಳಿದರು, "ಮನೆ ಪತ್ರ ಯಾರ ಎಸ್ರಲ್ಲದೆ?" ನನ್ನ ಹೆಸರಲ್ಲಿ ಎಂದೆ. "ಇವ್ರುದ್ದು?" ಇಲ್ಲ ಎಂದೆ. ಸೈಟು ನಾನು ತೆಗೆದದ್ದು, ಹೆಣ್ಣುಮಗಳು ನಾಳೆ ಇನ್ನೊಂದು ಮನೆಗೆ ಹೋಗುವವಳು, ಹೀಗೇ ಏನೋ ಗೊಣಗಿದೆ. ಆಯಮ್ಮ ಮೂರು ತಿಂಗಳು ಕಾಯ್ತೀವಿ ಎಂದು ಹೇಳಿ ಹೋದರು.

ಮೂರು ತಿಂಗಳು ಯಾಕೆ, ಮೂರೇ ದಿನದ ಕೆಲಸ ಎಂದುಕೊಂಡೆ. ಇಪ್ಪತ್ತು ವರ್ಷದಲ್ಲಿ ಹತ್ತು ವರ್ಷ ಮುಗಿದಿದೆ, ಒಂದು ಕಂತೂ ತಪ್ಪಿಲ್ಲ. ಅರ್ಧ ಆಯಿತಲ್ಲ! ತಂಗಿ ಅರ್ಧ ದಿನ ರಜೆ ಹಾಕಿ, ತೆಗೆದಿಟ್ಟಿದ್ದ ಹಸಿರು ಸೀರೆ ಉಟ್ಟು ಬಂದಳು. ಬ್ಯಾಂಕಿನಲ್ಲಿ ಹಳೆಯ ಮ್ಯಾನೇಜರ್ ಇರಲಿಲ್ಲ. ಕನ್ನಡಕದ ಒಬ್ಬ ಹೆಣ್ಣುಮಗಳು ಕಂಪ್ಯೂಟರ್ ನೋಡಿ, "ಬಾಕಿ ಹದಿನಾಲ್ಕು ಲಕ್ಷದ ಇಪ್ಪತ್ತು ಸಾವಿರ ಇದೆ ಸರ್" ಎಂದಳು.

ಬೇರೆ ಯಾರದೋ ಖಾತೆ ನೋಡುತ್ತಿದ್ದಾಳೆ ಎಂದುಕೊಂಡೆ. ನಂಬರ್ ಮತ್ತೆ ಹೇಳಿದೆ. ಅದೇ ಬಂತು. ನನ್ನ ಗಂಟಲು ಜೋರಾಯಿತು. "ಏನ್ ಮೇಡಂ, ಕತೆ ಏಳ್ತಿದ್ದೀರಾ? ಅತ್ತು ವರ್ಷದಲ್ಲಿ ಇಪ್ಪತ್ತೊಂದೂವರೆ ಲಕ್ಷ ಕಟ್ಟಿವ್ನಿ! ತಗಂಡಿದ್ದಕ್ಕಿಂತ ಎಚ್ಚು ಕಟ್ಟಿವ್ನಿ! ಅರ್ಧಾನಾದ್ರೂ ತೀರ್ಬೇಕೋ ಬ್ಯಾಡ್ವೋ?" ಕ್ಯೂನಲ್ಲಿದ್ದವರೆಲ್ಲ ತಿರುಗಿ ನೋಡಿದರು. ಆ ಹುಡುಗಿ ಗಾಬರಿಯಾಗಲಿಲ್ಲ. ಒಂದು ಪಟ್ಟಿ ಮುದ್ರಿಸಿ ನಮ್ಮ ಮುಂದಿಟ್ಟಳು. ಪ್ರತಿ ತಿಂಗಳ ಕಂತಿನಲ್ಲಿ ಬಡ್ಡಿಗೆ ಎಷ್ಟು, ಅಸಲಿಗೆ ಎಷ್ಟು ಎಂದು ಎರಡು ಕಾಲಂ. ಮೊದಲ ತಿಂಗಳು ನಾವು ಕಟ್ಟಿದ ಹದಿನೆಂಟು ಸಾವಿರದಲ್ಲಿ ಬಡ್ಡಿಗೆ ಹದಿನೈದು ಸಾವಿರ, ಅಸಲಿಗೆ ಮೂರು. ಎರಡನೇ ತಿಂಗಳೂ ಹೆಚ್ಚು ಕಡಿಮೆ ಅಷ್ಟೇ. ಬಾಕಿ ಇದ್ದಷ್ಟಕ್ಕೆ ಬಡ್ಡಿ, ಮೊದಲ ವರ್ಷಗಳಲ್ಲಿ ಬಾಕಿ ಜಾಸ್ತಿ, ಅದಕ್ಕೇ ಕಂತಿನ ಬಹುಪಾಲು ಬಡ್ಡಿಗೇ ಹೋಗಿದೆ ಎಂದು ವಿವರಿಸಿದಳು. ಮುಂಚೆಯೇ ಒಂದೆರಡು ಲಕ್ಷ ಒಟ್ಟಿಗೆ ಕಟ್ಟಿದ್ದರೂ ಎಷ್ಟೋ ತಿಂಗಳು ಉಳಿಯುತ್ತಿತ್ತು ಸರ್ ಎಂದೂ ಸೇರಿಸಿದಳು. ನನಗೆ ತಂಗಿಯ ಮುಖ ನೋಡಲಾಗಲಿಲ್ಲ.

ಹೆಸರು ತೆಗೆಯುವ ಮಾತಿಗೆ, ಡಿಪೋ ಸೊಸೈಟಿಯಲ್ಲಿ ನೀವು ತೆಗೆದಿರುವ ಸಾಲದ ಕಡಿತ ಕಳೆದರೆ ನಿಮ್ಮ ಸಂಬಳದ ಮೇಲೆ ಇಷ್ಟು ಬಾಕಿ ಇಡಲಾಗದು, ಹತ್ತು ಲಕ್ಷಕ್ಕೆ ಇಳಿಯಲಿ ಎಂದಳು. ಅಷ್ಟರಲ್ಲಿ ತಂಗಿ ಪಟ್ಟಿಯ ಹಾಳೆಗಳನ್ನು ತಿರುವಿ, ಹತ್ತು ಲಕ್ಷ ಬರುವ ಸಾಲಿನ ಮೇಲೆ ಬೆರಳಿಟ್ಟಿದ್ದಳು. "ಇನ್ನೂ ನಾಕು ವರ್ಷ ಅಣ್ಣ" ಎಂದಳು. ನಲವತ್ತೆರಡು ಎಂದು ನಾನು ಮನಸ್ಸಿನಲ್ಲೇ ಕೂಡಿದೆ. ಈ ಲೆಕ್ಕ ಮಾತ್ರ ತಕ್ಷಣ ಬಂತು.

ದಾರಿ ಒಂದಿತ್ತು. ಮನೆ ಮಾರಿದರೆ ಸಾಲ ಪೂರ್ತಿ ಹರಿದು ಕೈಗೂ ಒಂದಿಷ್ಟು ಉಳಿಯುತ್ತಿತ್ತು. ಇದನ್ನು ಮೊದಲು ಹೇಳಿದವಳು ನನ್ನ ಹೆಂಡತಿ. "ಬಾಡ್ಗೆ ಮನೇಲೇ ಉಟ್ಟಿ ಬೆಳ್ದೋರಲ್ವಾ ನಾವು? ಮಾರ್ಬುಡಿ. ಆ ಮಗೀಗೆ ಒಂದು ದಾರಿಯಾಗ್ಲಿ." ನಾನು ನೋಡಣ ಎಂದೆ. ಬ್ರೋಕರ್ ಬಂದು ಅಳೆದು ಬೆಲೆ ಹೇಳಿದ. ಕಡಿಮೆಯಾಯಿತು ಎಂದೆ. ಇನ್ನೊಬ್ಬನನ್ನು ಕರೆಸಿದೆ. ಬೆಟ್ಟದ ದೇವಸ್ಥಾನಕ್ಕೆ ಅಮಾವಾಸ್ಯೆಯ ಸ್ಪೆಷಲ್ ಬಸ್ಸಿನ ಡ್ಯೂಟಿ ಇದೆ, ಮುಗಿಯಲಿ ಎಂದೆ. ಹೀಗೆ ಎರಡು ತಿಂಗಳು ತಳ್ಳಿದೆ. ನನ್ನ ಕೈಯಾರೆ ನೀರು ಹೊಡೆದು ನೆನೆಸಿದ ಗೋಡೆಗಳವು, ಬಿಡಲು ಮನಸ್ಸು ಬರಲಿಲ್ಲ. ಅದನ್ನು ಯಾರಿಗೂ ಬಾಯಿಬಿಟ್ಟು ಹೇಳಲೂ ಇಲ್ಲ.

ಒಂದು ದಿನ ಬಸ್ಸು ರಾಮಾಪುರಕ್ಕೆ ಬಂದಾಗ ತಂಗಿ ಇಳಿಯದೆ ನಿಂತಳು. ಬೇರೆಯವರೆಲ್ಲ ಇಳಿದಿದ್ದರು. "ಅಣ್ಣ, ಮನೆ ಮಾರ್ಬ್ಯಾಡ. ನಾನು ಅವ್ರಿಗೆ ಫೋನ್ ಮಾಡಿ ಏಳ್ಬುಟ್ಟೆ" ಎಂದಳು. ಏನಂತ ಹೇಳಿದೆ ಎಂದು ಕೇಳಿದೆ. "ಆಗಲ್ಲ ಅಂತ." ನಾನು ಅಯ್ಯೋ ಯಾಕವ್ವ ಹಂಗ್ ಮಾಡ್ದೆ ಎಂದು ಬಾಯಲ್ಲಿ ಅಂದೆ. ಎದೆಯೊಳಗೆ ಮಾತ್ರ ಒಂದು ಭಾರ ಇಳಿದ ಹಾಗಾಯಿತು. ಅವಳು ನನ್ನ ಮುಖವನ್ನೇ ನೋಡುತ್ತಿದ್ದಳು. ಆ ನಿರಾಳ ಅವಳಿಗೆ ಕಂಡಿತೆಂದು ನನಗೆ ಗೊತ್ತು. ನನ್ನ ಬದುಕಿನಲ್ಲಿ ನಾನು ಅಷ್ಟು ನಾಚಿಕೆಪಟ್ಟ ಇನ್ನೊಂದು ಗಳಿಗೆಯಿಲ್ಲ. ಅವಳು ಬ್ಯಾಗು ಹೆಗಲಿಗೇರಿಸಿ ಇಳಿದು ಶಾಲೆಗೆ ಹೋದಳು.

ಯಳಂದೂರಿನವನಿಗೆ ಮರುವರ್ಷ ಮದುವೆಯಾಯಿತು. ಒಮ್ಮೆ ಅಲ್ಲಿಯ ಬಸ್ ಸ್ಟ್ಯಾಂಡಿನಲ್ಲಿ ಸಿಕ್ಕಿದ, ಹೆಗಲ ಮೇಲೆ ಮಗು ಮಲಗಿತ್ತು. ನನ್ನನ್ನು ಕಂಡೂ ತಪ್ಪಿಸಿಕೊಂಡು ಹೋಗಬಹುದಿತ್ತು, ಆದರೆ ಅವನೇ ಹತ್ತಿರ ಬಂದು, "ಟೀಚರ್ ಚೆನ್ನಾಗವ್ರಾ ಸಾ?" ಎಂದು ಕೇಳಿದ. ಚೆನ್ನಾಗಿದ್ದಾಳೆ ಎಂದೆ. ಮನೆಗೆ ಬಂದು ಅವಳಿಗೆ ಹೇಳಲಿಲ್ಲ.

ನಾಲ್ಕು ವರ್ಷ ಕಳೆದು, ಈಚೆಗೆ, ಬಾಕಿ ಹತ್ತು ಲಕ್ಷಕ್ಕೆ ಇಳಿಯಿತು. ಯಾರೂ ಕೇಳಿರಲಿಲ್ಲ, ನಾನೇ ಹೋಗಿ ಅರ್ಜಿ ಕೊಟ್ಟೆ. ನಾಲ್ಕು ಸಲ ಅಲೆದ ಮೇಲೆ ಅವಳ ಹೆಸರು ತೆಗೆದ ಕಾಗದ ಕೈಗೆ ಬಂತು. ಶಾಲೆಯಿಂದ ಬಂದು ಹುಳಿಗೆ ಅವರೆಕಾಯಿ ಬಿಡಿಸುತ್ತ ಕೂತಿದ್ದಳು. ಕೊಟ್ಟೆ. ಕೈ ಒರೆಸಿಕೊಂಡು, ಕನ್ನಡಕ ಹಾಕಿಕೊಂಡು, ಮೇಲಿಂದ ಕೆಳಗಿನವರೆಗೆ ಓದಿದಳು.

"ಇನ್ ನೀನು ಯಾರ್ಗೂ ಒಂದ್ ಪೈಸೆ ಕಟ್ಟಂಗಿಲ್ಲ ಕಣವ್ವ" ಎಂದೆ. ಖುಷಿಪಡುತ್ತಾಳೆಂದು ಕಾದೆ.

"ಅಣ್ಣ, ಸಾಲದಲ್ಲಾದ್ರೂ ನನ್ನೆಸ್ರಿತ್ತು" ಎಂದಳು. "ಇನ್ಮ್ಯಾಕೆ ಈ ಮನೆಗೆ ನಾನೇನಾಗ್ಬೇಕು?"

ಕೋಪದಿಂದ ಕೇಳಲಿಲ್ಲ. ನಿಜವಾಗಿ ತಿಳಿದುಕೊಳ್ಳಬೇಕೆಂದೇ ಕೇಳಿದಳು. ಪತ್ರಕ್ಕೆ ನಿನ್ನ ಹೆಸರು ಸೇರಿಸುತ್ತೇನೆ, ಅರ್ಧ ನಿನ್ನದು, ದೇವರಾಣೆ ಸೇರಿಸುತ್ತೇನೆ ಎಂದು ಒಂದೇ ಉಸಿರಿನಲ್ಲಿ ಹೇಳಿದೆ. ಯಾವಾಗ ಎಂದಳು. ಪತ್ರ ಬ್ಯಾಂಕಿನಲ್ಲಿ ಅಡವಿದೆ, ಸಾಲ ಪೂರ್ತಿ ತೀರಿ ಬಿಡಿಸಿಕೊಂಡ ದಿನವೇ, ಇನ್ನೊಂದು ಆರು ವರ್ಷ ಎಂದೆ. ಮತ್ತೆ ಅವಳಿಗೆ ಕಾಯಲು ಹೇಳುತ್ತಿದ್ದೇನೆಂದು ಮಾತು ಆಡಿದ ಮೇಲೆ ತಿಳಿಯಿತು.

ಅವಳು ಕಾಗದ ಮಡಿಸಿ ನನ್ನ ಕೈಗೇ ಕೊಟ್ಟು, ಅವರೆಕಾಯಿಯ ಮೊರ ತೊಡೆಯ ಮೇಲೆಳೆದುಕೊಂಡಳು.

"ಆಗ್ಲಿ ಬುಡಣ್ಣ" ಎಂದಳು. "ಕಾಯೋದೇನು ನಂಗೆ ಒಸ್ದಾ?"